ಕತ್ತರಿ ಯಾರ ಕೈಯಲ್ಲಿ?

(ಕಮ್ಮನಹಳ್ಳಿಯ ಸಭೆಯಲ್ಲಿ ಮಾಡಿದ ಭಾಷಣ)



ಕೂಲಿ, ಬೋನಸ್ಸು, ಅಂಗಡಿ ಬಾಡಿಗೆ ಎನ್ನುತ್ತಿದ್ದ ನಾವು ಈ ಸಂಜೆ ಸಿನಿಮಾದ ಮಾತೆತ್ತಿದ್ದಕ್ಕೆ ಕೆಲವರು ನಗುತ್ತಿದ್ದೀರಿ. ನಗಿ. ಇದೂ ದುಡಿಮೆಯ ಮಾತೇ.

ಇಲ್ಲಿಯ ದರ್ಜಿಗಳಿಗೆ ಗೊತ್ತು: ಬಟ್ಟೆ ಎಷ್ಟೇ ಒಳ್ಳೆಯದಿರಲಿ, ಅಂಗಿಯಾಗುವುದು ಕತ್ತರಿಯಿಂದ. ಸಿನಿಮಾದಲ್ಲಿ ಆ ಕತ್ತರಿ ಸಂಕಲನಕಾರನದು. ಯಾವುದು ಮೊದಲು, ಯಾವುದು ಆಮೇಲೆ, ಯಾವ ಮುಖ ಎಷ್ಟು ಹೊತ್ತು ನಿಲ್ಲಬೇಕು, ಎಲ್ಲ ಅಲ್ಲಿಯೇ ತೀರ್ಮಾನ. ಹಣ ಹಾಕಿದವರ ಕೈ ಬಹಳ ಸಲ ಚಾಚುವುದೂ ಆ ಮೇಜಿಗೇ.

ನಮ್ಮ ಬೆಂಗಳೂರಿನ ರಾಮ್ ರೆಡ್ಡಿಯವರು ಚೆಕ್ ದೇಶದ ಪ್ರಾಗ್ ಫಿಲ್ಮ್ ಸ್ಕೂಲಿನಲ್ಲಿ ಕಲಿತು ಬಂದು 'ತಿಥಿ' ತೆಗೆದರು. ನಿರ್ದೇಶನ ಅವರದು, ಸಂಕಲನದಲ್ಲಿ ಜಾನ್ ಝಿಮ್ಮರ್‌ಮನ್ ಜೊತೆಗೆ ಅವರ ಕೈಯೂ ಉಂಟು. ಪ್ರಾಗ್‌ವರೆಗೆ ಹೋಗಿ ಕಲಿಯುವ ಅನುಕೂಲ ನಮ್ಮ ಎಷ್ಟು ಮಕ್ಕಳಿಗಿದೆ? ಕೇಳಲೇಬೇಕಾದ ಪ್ರಶ್ನೆ. ಆದರೆ ಕಲಿತದ್ದನ್ನು ಅವರು ತಂದು ಸುರಿದದ್ದು ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ. ಕತೆ ಆ ಊರಿನವರೇ ಆದ ಈರೇಗೌಡರ ಜೊತೆ ಕೂಡಿ ಹೆಣೆದದ್ದು. ನಟಿಸಿದವರು ಬಣ್ಣ ಹಚ್ಚಿ ಗೊತ್ತಿಲ್ಲದ ಹಳ್ಳಿಯ ಜನ.

ನೂರೊಂದು ವರ್ಷದ ಸೆಂಚುರಿ ಗೌಡ ಸಾಯುತ್ತಾನೆ. ಹನ್ನೊಂದನೆಯ ದಿನಕ್ಕೆ ತಿಥಿ. ಮಗ ಗಡ್ಡಪ್ಪನಿಗೆ ಜಮೀನೂ ಬೇಡ, ಮನೆಯೂ ಬೇಡ, ಹೊಲ ಸುತ್ತುತ್ತಾನೆ. ಮೊಮ್ಮಗ ತಮ್ಮಣ್ಣ ಐದು ಎಕರೆ ಮಾರಲು ಬದುಕಿರುವ ತಂದೆಗೇ ಮರಣಪತ್ರ ಮಾಡಿಸುತ್ತಾನೆ. ಮರಿಮಗ ಅಭಿ ಕುರಿಗಾಹಿ ಹುಡುಗಿಯ ಹಿಂದೆ. ಮೂರು ಎಳೆ. ಲಾಭದ ಅವಸರದ ಕತ್ತರಿಯಾಗಿದ್ದರೆ ಗಡ್ಡಪ್ಪನ ನಡಿಗೆಯೇ ಮೊದಲು ಕಸದ ಬುಟ್ಟಿಗೆ ಬೀಳುತ್ತಿತ್ತು. ಇಲ್ಲಿ ಅದು ಉಳಿದಿದೆ. ಅದು ಉಳಿದದ್ದರಿಂದಲೇ ತಮ್ಮಣ್ಣನ ಪರದಾಟ ನಮಗೆ ನಗೆಯೂ ಆಗುತ್ತದೆ, ಸಂಕಟವೂ ಆಗುತ್ತದೆ.

2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಉತ್ಸವದಲ್ಲಿ, ಹೊಸ ನಿರ್ದೇಶಕರ ವಿಭಾಗದಲ್ಲಿ, ಇದಕ್ಕೆ ಬಂಗಾರದ ಚಿರತೆ ಬಂತು. ಆ ವರ್ಷದ ಶ್ರೇಷ್ಠ ಕನ್ನಡ ಚಿತ್ರದ ರಾಷ್ಟ್ರಪ್ರಶಸ್ತಿಯೂ ಬಂತು. 2016ರಲ್ಲಿ ನಮ್ಮ ಟಾಕೀಸುಗಳಿಗೆ ಬಂತು.

ಜನರನ್ನೇ ನಟರಾಗಿಸುವುದು ಚೆಕ್ಕರಿಗೆ ಹೊಸದಲ್ಲ. 1967ರಲ್ಲಿ ಮಿಲೋಶ್ ಫೋರ್ಮನ್ ಒಂದು ಸಣ್ಣ ಊರಿನ ಬೆಂಕಿ ಆರಿಸುವವರನ್ನೇ ನಿಲ್ಲಿಸಿ ಅವರ ಸಮಾರಂಭದ ಮೇಲೆ ಚಿತ್ರ ತೆಗೆದ. 1968ರಲ್ಲಿ ಸೋವಿಯತ್ ಟ್ಯಾಂಕುಗಳು ಬಂದ ಮೇಲೆ ಸರಕಾರ ಆ ಚಿತ್ರವನ್ನೇ ನಿಷೇಧಿಸಿತು. ನಮ್ಮಲ್ಲಿಯೂ, ಸಮಾಜವಾದಿ ಮಿತ್ರ ಪಟ್ಟಾಭಿರಾಮ ರೆಡ್ಡಿಯವರ 'ಸಂಸ್ಕಾರ'ವನ್ನು ಸೆನ್ಸಾರಿನವರು ಮೊದಲು ತಡೆದಿದ್ದರು. ಆಮೇಲೆ 1970ರ ಶ್ರೇಷ್ಠ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಅದಕ್ಕೇ ಸಂದಿತು. ಹಣದವನ ಕತ್ತರಿ ಒಂದು, ಸರಕಾರದ ಕತ್ತರಿ ಇನ್ನೊಂದು.

ಪರದೆ ಕಟ್ಟಿಯಾಗಿದೆ. ಹಿಂದೆ ನಿಂತವರು ಮುಂದೆ ಬನ್ನಿ, ಮಕ್ಕಳಿಗೆ ಜಾಗ ಬಿಡಿ. ತಮ್ಮಣ್ಣ ಕಾಗದ ಹಿಡಿದು ಓಡಾಡುವಾಗ ಗಡ್ಡಪ್ಪ ಎಲ್ಲಿದ್ದಾನೆಂದು ನೋಡುತ್ತಿರಿ.