ಬೆಳಗಿನ ಜಾವ ಹೊರಟು ರಾತ್ರಿ ಮನೆಗೆ: ಬೆಂಗಳೂರಿನ ಒಂದು ದಿನದ ಪ್ರವಾಸದ ಚರಿತ್ರೆ



ಬೆಂಗಳೂರಿನಿಂದ ಬೆಳಗಿನ ಜಾವ ಹೊರಟು, ಒಂದು ಬೆಟ್ಟವನ್ನೋ ದೇವಸ್ಥಾನವನ್ನೋ ನೋಡಿಕೊಂಡು, ಅದೇ ರಾತ್ರಿ ಮನೆಗೆ ಬಂದು ಮಲಗುವುದು ಇವತ್ತು ಎಲ್ಲರಿಗೂ ರೂಢಿಯಾಗಿರುವ ಸಂಗತಿ. ಶನಿವಾರ ಸಂಜೆ ಯಾರೋ ‘ನಾಳೆ ಒಂದು ಟ್ರಿಪ್ ಹಾಕೋಣ’ ಎಂದರೆ ಸಾಕು, ಹತ್ತು ಜನ ಸೇರುತ್ತಾರೆ, ಒಂದು ಟೆಂಪೋ ಟ್ರಾವೆಲರ್ ಗೊತ್ತಾಗುತ್ತದೆ. ಇಷ್ಟು ಸಲೀಸಾಗಿ ಕಾಣುವ ಈ ಪದ್ಧತಿ ಬೆಳೆದು ಬಂದ ದಾರಿಯಲ್ಲಿ ಎರಡು ಪ್ರಶ್ನೆಗಳು ಕೊನೆಯವರೆಗೂ ಜೊತೆಯಾಗಿ ಬರುತ್ತವೆ. ಒಂದು ದಿನದೊಳಗೆ ಎಷ್ಟು ದೂರ ಹೋಗಿಬರಬಹುದು? ಹೋದ ಮೇಲೆ ನಮಗೆ ತೋರಿಸಿ ಹೇಳುವವರು ಯಾರು? ದೂರದ ಬಗ್ಗೆ, ರಸ್ತೆಯ ಬಗ್ಗೆ ನಾವು ಬೇಕಾದಷ್ಟು ಮಾತಾಡುತ್ತೇವೆ. ತೋರಿಸುವವರ ಬಗ್ಗೆ ಮಾತಾಡುವುದು ಕಡಿಮೆ. ನನಗೆ ಮುಖ್ಯವಾಗಿ ಕಾಣುವುದು ಅದು.

ಎತ್ತಿನ ಗಾಡಿಯ ಕಾಲದಲ್ಲಿ ಲೆಕ್ಕ ಸರಳವಾಗಿತ್ತು. ಗಾಡಿ ಗಂಟೆಗೆ ಮೂರು ನಾಲ್ಕು ಕಿಲೋಮೀಟರ್ ಹೋದರೆ ಹೆಚ್ಚು. ಹೊತ್ತು ಮುಳುಗುವುದರೊಳಗೆ ಬೆಂಗಳೂರು ಪೇಟೆಗೆ ಮರಳಬೇಕಾದರೆ ಹಲಸೂರಿಗೆ, ಬಹಳವೆಂದರೆ ಬೇಗೂರಿನ ನಾಗೇಶ್ವರನ ಗುಡಿಗೆ ಹೋಗಿಬರಬಹುದಿತ್ತು. ಅದಕ್ಕಿಂತ ಆಚೆ ಎಲ್ಲಿಗೆ ಹೋದರೂ ರಾತ್ರಿ ತಂಗಲೇಬೇಕು. ಘಾಟಿ ಸುಬ್ರಹ್ಮಣ್ಯದ ದನಗಳ ಜಾತ್ರೆಗೆ, ನಂದಿಯ ಶಿವರಾತ್ರಿ ತೇರಿಗೆ ಜನ ಗಾಡಿ ಕಟ್ಟಿಕೊಂಡು ಹೋಗುತ್ತಿದ್ದದ್ದು ಅಕ್ಕಿ ಬೇಳೆ, ಪಾತ್ರೆ ಪಡಗ, ಹಾಸಿಗೆ ಸಮೇತ. ದಾರಿಯಲ್ಲಿ ಕಂಡದ್ದನ್ನು ವಿವರಿಸುತ್ತಿದ್ದವರು ಮನೆಯ ಹಿರಿಯರು, ಗುಡಿಯಲ್ಲಿ ಅರ್ಚಕರು. ಕೇಳುವವರು ಒಂದು ಗಾಡಿಯಷ್ಟು ಜನ.

ನಂದಿಬೆಟ್ಟ ಬೆಂಗಳೂರಿನಿಂದ ಸುಮಾರು 60 ಕಿಲೋಮೀಟರ್. 1834ರಿಂದ 1861ರವರೆಗೆ ಮೈಸೂರಿನ ಕಮಿಷನರ್ ಆಗಿದ್ದ ಮಾರ್ಕ್ ಕಬ್ಬನ್ ಅವರಿಗೆ ಬೇಸಿಗೆ ಕಳೆಯಲು ಬೆಟ್ಟದ ಮೇಲೆ ಒಂದು ಮನೆ ಕಟ್ಟಿಸಿದವರು ಫ್ರಾನ್ಸಿಸ್ ಕನ್ನಿಂಗ್‌ಹ್ಯಾಂ. ಭಾರತದ ಪುರಾತತ್ವ ಸರ್ವೇಕ್ಷಣೆಗೆ ಅಡಿಪಾಯ ಹಾಕಿದ ಅಲೆಕ್ಸಾಂಡರ್ ಕನ್ನಿಂಗ್‌ಹ್ಯಾಂ ಅವರ ಸಹೋದರ ಇವರು. ಆ ದಿನಗಳಲ್ಲಿ ನಂದಿಗೆ ಹೋದವರು ವಾರಗಟ್ಟಲೆ ಉಳಿಯುತ್ತಿದ್ದರು. ಬೆಳಿಗ್ಗೆ ಹೋಗಿ ಸಂಜೆ ಇಳಿಯುವ ಯೋಚನೆಗೆ ಅಲ್ಲಿ ಜಾಗವೇ ಇರಲಿಲ್ಲ.

ಹೀಗೆ ಒಂದೇ ದಿನದಲ್ಲಿ ಹೋಗಿಬರುವುದನ್ನು ಸಾಧ್ಯ ಮಾಡಿದ್ದು ರೈಲು. ಇಂಗ್ಲೆಂಡಿನಲ್ಲಿ ಇಂಥ ಪ್ರವಾಸಗಳ ಪೈಕಿ ಬಹಳ ಹೆಸರಾದ ಒಂದರ ದಿನ ಇತಿಹಾಸದಲ್ಲಿ ದಾಖಲಾಗಿದೆ. 1841ರ ಜುಲೈ 5ರಂದು ಥಾಮಸ್ ಕುಕ್ ಎಂಬ ಬಡಗಿ, ಮದ್ಯಪಾನ ವಿರೋಧಿ ಸಭೆಯೊಂದಕ್ಕೆ ಸುಮಾರು 500 ಜನರನ್ನು ಲೆಸ್ಟರ್‌ನಿಂದ ಲಫ್‌ಬರೋಗೆ ವಿಶೇಷ ರೈಲಿನಲ್ಲಿ ಕರೆದುಕೊಂಡು ಹೋಗಿ, ಅದೇ ದಿನ ವಾಪಸು ಕರೆತಂದರು. ತಲೆಗೆ ಒಂದು ಶಿಲಿಂಗ್. ಹೊತ್ತು ಗೊತ್ತು ನಿಗದಿ ಮಾಡಿ, ಜವಾಬ್ದಾರಿ ಹೊತ್ತು ಜನರನ್ನು ಕರೆದುಕೊಂಡು ಹೋಗುವ ಉದ್ಯಮ ಅಲ್ಲಿಂದ ಬೆಳೆಯಿತು. ಒಂದು ಅಂಶ ಗಮನಿಸಿ: ಅದು ಹುಟ್ಟಿದ್ದೇ ದೊಡ್ಡ ಗುಂಪಾಗಿ. ರೈಲಿನ ಬೋಗಿಗಳು ತುಂಬಿದರೆ ಮಾತ್ರ ಒಂದು ಶಿಲಿಂಗ್‌ಗೆ ಪ್ರವಾಸ ಗಿಟ್ಟುತ್ತಿತ್ತು.

ನಮ್ಮಲ್ಲಿ ಬೆಂಗಳೂರು ದಂಡಿಗೆ ಮದರಾಸಿನ ಕಡೆಯಿಂದ ರೈಲು ಬಂದದ್ದು 1864ರಲ್ಲಿ. ಬೆಂಗಳೂರು–ಮೈಸೂರು ಹಾದಿಯ ಹಿಂದೆ ಒಂದು ದುಃಖದ ಕಥೆ ಇದೆ. 1876ರಿಂದ 78ರವರೆಗಿನ ಭೀಕರ ಬರಗಾಲದಲ್ಲಿ ಹಸಿದವರಿಗೆ ಕೂಲಿ ಸಿಗಲೆಂದು ಆ ಹಾದಿಯ ಮಣ್ಣಿನ ಕೆಲಸ ನಡೆಯಿತು. 1881–82ರಲ್ಲಿ ರೈಲು ಹಂತ ಹಂತವಾಗಿ ಚನ್ನಪಟ್ಟಣ, ಮಂಡ್ಯ ದಾಟಿ ಮೈಸೂರು ಮುಟ್ಟಿತು. ಇವತ್ತು ಕಿಟಕಿ ಪಕ್ಕದ ಸೀಟಿಗಾಗಿ ನಾವು ಆಸೆಪಡುವ ಆ ಹಾದಿಯ ಏರಿಯ ಮೇಲೆ, ಗಂಜಿಗಾಗಿ ಮಣ್ಣು ಹೊತ್ತವರ ಶ್ರಮವಿದೆ. ಮೈಸೂರಿಗೆ ಹೊರಟ ಪ್ರತಿ ಗುಂಪಿಗೂ ಇದನ್ನು ಯಾರಾದರೂ ಹೇಳಬೇಕು ಎಂಬುದು ನನ್ನ ಆಸೆ.

ಉತ್ತರ ದಿಕ್ಕಿಗೆ, ಇಪ್ಪತ್ತನೆಯ ಶತಮಾನದ ಎರಡನೆಯ ದಶಕದಲ್ಲಿ, ಯಲಹಂಕದಿಂದ ಚಿಕ್ಕಬಳ್ಳಾಪುರಕ್ಕೆ ಕಿರಿದಾದ ಹಳಿಯ ರೈಲು ಬಂತು. ದೊಡ್ಡಜಾಲ, ದೇವನಹಳ್ಳಿ, ಆವತಿಹಳ್ಳಿ, ನಂದಿ ಹಾಲ್ಟ್‌ಗಳ ಪುಟ್ಟ ಕಲ್ಲಿನ ನಿಲ್ದಾಣಗಳು ಈಗಲೂ ನಿಂತಿವೆ. ಗಾಂಧೀಜಿಯವರು 1927ರಲ್ಲಿ ಮತ್ತು 1936ರಲ್ಲಿ ಆರೋಗ್ಯ ಸುಧಾರಿಸಿಕೊಳ್ಳಲು ನಂದಿಬೆಟ್ಟದಲ್ಲಿ ತಂಗಿದ್ದರು. ಆ ಹೊತ್ತಿಗೆ ಬೆಟ್ಟ ಬೆಂಗಳೂರಿನವರಿಗೆ ಎಟುಕುವಷ್ಟು ಹತ್ತಿರ ಬಂದಿತ್ತು.

ಇನ್ನು ತೋರಿಸುವವರ ವಿಷಯ. ಹಳೆಯ ಮೈಸೂರು ಸಂಸ್ಥಾನ ಇದರಲ್ಲಿ ಮಾಡಿದ ಕೆಲಸ ಸಣ್ಣದಲ್ಲ. ಪುರಾತತ್ವ ಇಲಾಖೆಯನ್ನು ಬಿ.ಎಲ್. ರೈಸ್ ಅವರ ನಂತರ ನಡೆಸಿದವರು ಆರ್. ನರಸಿಂಹಾಚಾರ್ಯರು. ‘ಕರ್ಣಾಟಕ ಕವಿಚರಿತೆ’ ಬರೆದ ಮಹನೀಯರು ಇವರೇ. ಅವರು 1917ರಲ್ಲಿ ಸೋಮನಾಥಪುರದ ಕೇಶವ ದೇವಾಲಯದ ಮೇಲೆ, 1919ರಲ್ಲಿ ಬೇಲೂರಿನ ಮೇಲೆ ಮತ್ತು ದೊಡ್ಡಗದ್ದವಳ್ಳಿಯ ಲಕ್ಷ್ಮೀದೇವಿ ದೇವಾಲಯದ ಮೇಲೆ ಚಿತ್ರಸಹಿತ ಪುಸ್ತಕಗಳನ್ನು ಇಂಗ್ಲಿಷಿನಲ್ಲಿ ಪ್ರಕಟಿಸಿದರು. ಗುಡಿಯ ಸುತ್ತ ನಡೆಯುತ್ತ ಗೋಡೆಯನ್ನು ಹೇಗೆ ನೋಡಬೇಕು, ಯಾವ ವಿಗ್ರಹದ ಕೆಳಗೆ ಏನು ಬರೆದಿದೆ ಎಂಬುದೆಲ್ಲ ಅವುಗಳಲ್ಲಿದೆ. ನನ್ನ ಮಟ್ಟಿಗೆ ನಮ್ಮ ನಾಡಿನ ಮೊದಲ ನಿಜವಾದ ಗೈಡ್ ನರಸಿಂಹಾಚಾರ್ಯರು.

ಕೆ.ಆರ್.ಎಸ್. ಅಣೆಕಟ್ಟಿನ ಕೆಳಗೆ ದಿವಾನ್ ಮಿರ್ಜಾ ಇಸ್ಮಾಯಿಲರು ಬೃಂದಾವನ ಉದ್ಯಾನ ಮಾಡಿಸಿದ ಮೇಲೆ ಮೈಸೂರು ಪ್ರವಾಸದ ವೇಳಾಪಟ್ಟಿಯೇ ಬದಲಾಯಿತು. ಬಣ್ಣದ ದೀಪದ ಕಾರಂಜಿ ಕತ್ತಲಾದ ಮೇಲೆಯೇ ಚೆಂದ. ಹಾಗಾಗಿ ಅದನ್ನು ಕೊನೆಗೆ ಇಡಲೇಬೇಕು. ಬೆಂಗಳೂರಿನಿಂದ ಹೊರಟ ಒಂದು ದಿನದ ಪ್ರವಾಸ ರಾತ್ರಿ ಹತ್ತು ಹನ್ನೊಂದರ ಮುಂಚೆ ಮುಗಿಯದೆ ಇರುವುದಕ್ಕೆ ಆ ದೀಪಗಳೇ ಕಾರಣ.

ಸ್ವಾತಂತ್ರ್ಯ ಬಂದ ಮೇಲೆ ಬಸ್ಸಿನ ಯುಗ. 1948ರ ಸೆಪ್ಟೆಂಬರಿನಲ್ಲಿ ಮೈಸೂರು ಸರ್ಕಾರ 120 ಬಸ್ಸುಗಳಿಂದ ಸಾರಿಗೆ ಇಲಾಖೆ ಶುರುಮಾಡಿತು. ಕೆಂಪು ಬಸ್ಸಿನ ಶಾಲಾ ಪ್ರವಾಸ, ಮುತ್ತುಗದ ಎಲೆಯಲ್ಲಿ ಕಟ್ಟಿದ ಪುಳಿಯೋಗರೆ, ಮೇಷ್ಟ್ರ ಸೀಟಿ — ಇವು ಎರಡು ಮೂರು ತಲೆಮಾರಿನ ನೆನಪು. 1971ರಲ್ಲಿ ರಾಜ್ಯ ಪ್ರವಾಸೋದ್ಯಮ ಅಭಿವೃದ್ಧಿ ನಿಗಮ ಬಂತು. ಕಾರ್ಪೊರೇಷನ್ ಕಚೇರಿಯ ಎದುರಿನ ಬಾದಾಮಿ ಹೌಸ್‌ನಿಂದ ಮುಂಜಾನೆ ಹೊರಡುತ್ತಿದ್ದ ನಿಗಮದ ಬಸ್ಸುಗಳು ಒಂದು ದಿನದ ಪ್ರವಾಸಕ್ಕೆ ಒಂದು ಅಚ್ಚು ಹಾಕಿದವು: ಶ್ರೀರಂಗಪಟ್ಟಣ, ಚಾಮುಂಡಿಬೆಟ್ಟ, ಅರಮನೆ, ಬೃಂದಾವನ ಒಂದು ದಿನ; ಶ್ರವಣಬೆಳಗೊಳ, ಹಳೇಬೀಡು, ಬೇಲೂರು ಇನ್ನೊಂದು ದಿನ. ಒಬ್ಬಂಟಿಯಾಗಿ ಬಂದವರು, ಭಾಷೆ ಗೊತ್ತಿಲ್ಲದವರು, ವಯಸ್ಸಾದ ದಂಪತಿಗಳು, ಸ್ವಂತ ಕಾರು ಕನಸಾಗಿದ್ದವರು ನಾಡನ್ನು ಕಂಡದ್ದು ಈ ಬಸ್ಸುಗಳಿಂದ. ಆ ಋಣ ದೊಡ್ಡದು.

ಆದರೆ ಆ ಎರಡನೆಯ ಹಾದಿಯ ಲೆಕ್ಕವನ್ನು ಒಮ್ಮೆ ಹಾಕಿ ನೋಡಿ. ಬೇಲೂರು ಬೆಂಗಳೂರಿನಿಂದ ಸುಮಾರು 220 ಕಿಲೋಮೀಟರ್. ಹೋಗಿಬರಲು ನಾನೂರೈವತ್ತರ ಹತ್ತಿರ. ಎಂಟು ಒಂಬತ್ತು ಗಂಟೆ ರಸ್ತೆಯ ಮೇಲೆಯೇ ಹೋಯಿತು. ಶ್ರವಣಬೆಳಗೊಳದಲ್ಲಿ ಬಂಡೆಯಲ್ಲಿ ಕಡಿದ ಆರುನೂರಕ್ಕೂ ಹೆಚ್ಚು ಮೆಟ್ಟಿಲು ಹತ್ತಿ ಇಳಿಯಬೇಕು, ಊಟ ಆಗಬೇಕು. ಉಳಿಯುವುದು ಒಂದೊಂದು ಗುಡಿಗೆ ಒಂದು ಗಂಟೆ. ಆ ಒಂದು ಗಂಟೆಯಲ್ಲಿ ನಲವತ್ತು ಜನರ ನಡುವೆ ನಿಂತ ಗೈಡ್ ಏನು ಮಾಡಬಹುದು? ಎಲ್ಲರಿಗೂ ಕೇಳುವಂತೆ ಕೂಗಿ, ಎಲ್ಲರಿಗೂ ಕಾಣುವ ನಾಲ್ಕು ಶಿಲ್ಪಗಳನ್ನು ತೋರಿಸಬಹುದು. ದರ್ಪಣ ಸುಂದರಿ, ಶುಕಭಾಷಿಣಿ, ದಂತಕಥೆಯ ಶಿಲ್ಪಿ ಜಕಣಾಚಾರಿಯ ಕಥೆ, ಕಲ್ಲೊಳಗಿನ ಕಪ್ಪೆಯ ಕಥೆ. ಮುಂದಿನ ಬಸ್ಸು ಬಂದಾಯಿತು.

ಜಕಣಾಚಾರಿಯ ಕಥೆ ನನಗೂ ಇಷ್ಟ. ತಂದೆ–ಮಗನ ಆ ಕಥೆ ಕೇಳಿ ಕಣ್ಣು ತುಂಬಿಕೊಂಡವರಿದ್ದಾರೆ. ಅದನ್ನು ಹೇಳಬಾರದು ಎನ್ನುವವನು ನಾನಲ್ಲ. ಅದರ ಜೊತೆಗೆ ಹೇಳಲೇಬೇಕಾದ ಇನ್ನೊಂದು ಮಾತು ಅದೇ ಕಲ್ಲಿನ ಮೇಲಿದೆ. ಬೇಲೂರಿನ ಮದನಿಕೆಯರ ಪೀಠಗಳಲ್ಲಿ ಅವುಗಳನ್ನು ಕಡೆದವರ ಹೆಸರುಗಳು ಕನ್ನಡದಲ್ಲಿವೆ. ಬಳ್ಳಿಗಾವೆಯ ದಾಸೋಜ, ಆತನ ಮಗ ಚಾವಣ. ತಮ್ಮ ಬಿರುದುಗಳನ್ನೂ ಅವರು ಹೆಮ್ಮೆಯಿಂದ ಕೊರೆದುಕೊಂಡಿದ್ದಾರೆ. ಇಲ್ಲಿಯೂ ತಂದೆ–ಮಗ ಇದ್ದಾರೆ, ಇಬ್ಬರೂ ಸಹಿ ಹಾಕಿದ್ದಾರೆ. ಸೋಮನಾಥಪುರಕ್ಕೆ ಹೋದರೆ ಮಲ್ಲಿತಮ್ಮನ ಹೆಸರು ಹಲವು ವಿಗ್ರಹಗಳ ಕೆಳಗೆ ಸಿಗುತ್ತದೆ. ಕೆಲವೆಡೆ ಬರೀ ‘ಮಲ್ಲಿ’ ಎಂದಷ್ಟೇ ಬರೆದು ಬಿಟ್ಟಿದ್ದಾನೆ. ನರಸಿಂಹಾಚಾರ್ಯರು ನೂರು ವರ್ಷದ ಹಿಂದೆ ಕೂತು ಗುರುತಿಸಿದ ಹೆಸರುಗಳಿವು. ಅಕ್ಷರ ಸಣ್ಣದು, ಲಿಪಿ ಹಳೆಯದು. ಎಂಟು ಹತ್ತು ಜನ ವಿಗ್ರಹಕ್ಕೆ ಹತ್ತಿರ ನಿಂತು, ಬಲ್ಲವರು ಬೆರಳಿಟ್ಟ ದಿಕ್ಕಿಗೆ ಕಣ್ಣು ಹಾಯಿಸಿ, ‘ಹೌದಲ್ಲ, ಇದು ನಮ್ಮ ಅಕ್ಷರವೇ’ ಎಂದು ಬಿಡಿಸಿಕೊಂಡು ಓದಬೇಕು. ನಲವತ್ತು ಜನರ ಗುಂಪಿಗೆ ಇದನ್ನು ತೋರಿಸುವುದು ಸಾಧ್ಯವೇ ಇಲ್ಲ. ಸಣ್ಣ ಗುಂಪು ಬೇಕು ಎಂದು ನಾನು ಹಟ ಹಿಡಿಯುವುದು ಸೌಕರ್ಯಕ್ಕಾಗಿ ಅಲ್ಲ, ಈ ಅಕ್ಷರಗಳಿಗಾಗಿ.

ಸಣ್ಣ ಗುಂಪಿನ ಬೆಲೆಯನ್ನು ಬೆಂಗಳೂರಿನಲ್ಲಿ ಬಹುಬೇಗ ಅರಿತವರು ಹಕ್ಕಿ ನೋಡುವವರು. 1970ರ ದಶಕದಿಂದ ಇಲ್ಲಿನ ಪಕ್ಷಿವೀಕ್ಷಕರ ಫೀಲ್ಡ್ ಕ್ಲಬ್ಬಿನವರು ಭಾನುವಾರದ ಬೆಳಗ್ಗೆ ಲಾಲ್‌ಬಾಗಿನಲ್ಲಿ, ಊರಾಚೆಯ ಕೆರೆಗಳಲ್ಲಿ ಒಟ್ಟುಗೂಡುತ್ತ ಬಂದರು. ಹತ್ತು ಜನ ಸದ್ದಿಲ್ಲದೆ ನಡೆದರೆ ಹಕ್ಕಿ ಕೂತಿರುತ್ತದೆ, ಐವತ್ತು ಜನ ಬಂದರೆ ಹಾರಿಹೋಗುತ್ತದೆ. ಗುಂಪಿನ ಗಾತ್ರವನ್ನು ಅಲ್ಲಿ ಹಕ್ಕಿಯೇ ನಿರ್ಧರಿಸಿತು. ಸಾಲಿಂ ಅಲಿಯವರ ಒತ್ತಾಸೆಯಿಂದ 1940ರಲ್ಲಿ ಪಕ್ಷಿಧಾಮವಾದ ರಂಗನತಿಟ್ಟಿನಲ್ಲಿ ಇಂದಿಗೂ ಗುಂಪೆಂದರೆ ಒಂದು ದೋಣಿಯಷ್ಟು ಜನ, ಗೈಡ್ ಎಂದರೆ ಹುಟ್ಟು ಹಾಕುವಾತ. ಮೊಸಳೆ ಬಿಸಿಲು ಕಾಯುವ ಬಂಡೆ ಯಾವುದು, ಚಮಚಕೊಕ್ಕಿನ ಗೂಡು ಯಾವ ಮರದ್ದು ಎಂಬುದನ್ನು ಆತ ದಿನಾ ಕಂಡು ಬಲ್ಲ.

ಮದ್ದೂರು ತಾಲ್ಲೂಕಿನ ಕೊಕ್ಕರೆ ಬೆಳ್ಳೂರು ಇನ್ನೂ ಸೂಕ್ಷ್ಮವಾದ ಜಾಗ. ಅರಣ್ಯಾಧಿಕಾರಿ ಎಸ್.ಜಿ. ನೇಗಿನಹಾಳರು 1970ರ ದಶಕದಲ್ಲಿ ಈ ಊರನ್ನು ಹೊರಗಿನವರ ಗಮನಕ್ಕೆ ತಂದರು. ಅಲ್ಲಿ ಹೆಜ್ಜಾರ್ಲೆಗಳು, ಬಣ್ಣದ ಕೊಕ್ಕರೆಗಳು ಗೂಡು ಕಟ್ಟುವುದು ಕಾಡಿನಲ್ಲಲ್ಲ, ಮನೆಗಳ ನಡುವಿನ ಹುಣಸೆ ಮತ್ತು ಅತ್ತಿ–ಆಲದ ಜಾತಿಯ ಮರಗಳಲ್ಲಿ. ಮರದ ಕೆಳಗೆ ಗುಂಡಿ ತೋಡಿ ಹಿಕ್ಕೆಯನ್ನು ಗೊಬ್ಬರ ಮಾಡಿಕೊಳ್ಳುವುದು ಅಲ್ಲಿನ ರೈತರ ಹಳೆಯ ಪದ್ಧತಿ. ದೊಡ್ಡ ಬಸ್ಸು ಅಲ್ಲಿನ ಓಣಿಗೆ ಹೊಂದುವುದಿಲ್ಲ. ಮರವಿರುವ ಹಿತ್ತಿಲಿನ ಒಡೆಯರೇ ನಿಂತು ಹೇಳುವ ಮಾತಿಗೆ ಬೇರೆ ಗೈಡ್ ಸಾಟಿಯಲ್ಲ.

ಮಟಾಡೋರ್ ವ್ಯಾನುಗಳ ನಂತರ ಬಂದ ಟೆಂಪೋ ಟ್ರಾವೆಲರ್ ಈ ಚರಿತ್ರೆಯಲ್ಲಿ ದೊಡ್ಡ ಪಾತ್ರ ವಹಿಸಿತು. ಹನ್ನೆರಡು ಹದಿಮೂರು ಸೀಟು, ಹಳ್ಳಿಯ ದಾರಿಯಲ್ಲೂ ತಿರುಗುವಷ್ಟು ಚಿಕ್ಕದು. 2000ದ ನಂತರ ಐಟಿ ಕಂಪನಿಗಳ ಹುಡುಗ ಹುಡುಗಿಯರು ಅದನ್ನು ತುಂಬಿಕೊಂಡು ಸ್ಕಂದಗಿರಿಗೆ, ಮಾಕಳಿದುರ್ಗಕ್ಕೆ, ಸಾವನದುರ್ಗಕ್ಕೆ ಚಾರಣ ಹೊರಟರು. ಕತ್ತಲಲ್ಲಿ ಹತ್ತುವುದು, ಬೆಂಕಿ ಹಾಕುವುದು, ಕಸ ಬಿಡುವುದು ಹೆಚ್ಚಾದಾಗ ಅರಣ್ಯ ಇಲಾಖೆ ಅಡ್ಡ ಬಂತು. ಈಗ ಮುಂಗಡ ಟಿಕೆಟ್ಟು, ದಿನಕ್ಕೆ ಇಷ್ಟೇ ಜನ, ಜೊತೆಗೆ ಗೈಡ್ ಎಂಬ ನಿಯಮಗಳಿವೆ. ಕೆಲವರಿಗೆ ಇದು ಕಿರಿಕಿರಿ. ನನಗೆ ಸರಿ ಎನಿಸುತ್ತದೆ, ಅದರಲ್ಲೂ ಗೈಡ್‌ಗಳಾಗಿ ಬೆಟ್ಟದ ಬುಡದ ಊರಿನ ಹುಡುಗರಿಗೇ ಕೆಲಸ ಸಿಕ್ಕುವ ಕಡೆಗಳಲ್ಲಿ.

2023ರಲ್ಲಿ ಎರಡು ಸಂಗತಿ ನಡೆದವು. ಮಾರ್ಚ್‌ನಲ್ಲಿ ಬೆಂಗಳೂರು–ಮೈಸೂರು ದಶಪಥ ಹೆದ್ದಾರಿ ಉದ್ಘಾಟನೆಯಾಗಿ ಮೂರು ಗಂಟೆಯ ದಾರಿ ಒಂದೂವರೆ ಗಂಟೆಗೆ ಇಳಿಯಿತು. ಸೆಪ್ಟೆಂಬರ್‌ನಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರದ ಹೊಯ್ಸಳ ದೇಗುಲಗಳು ಯುನೆಸ್ಕೋ ಪಟ್ಟಿ ಸೇರಿದವು. ದಾರಿಯಲ್ಲಿ ಉಳಿದ ಹೊತ್ತನ್ನು ಏನು ಮಾಡಬೇಕು ಎಂಬುದು ಈಗಿನ ಪ್ರಶ್ನೆ. ಇನ್ನೊಂದು ಜಾಗವನ್ನು ಪಟ್ಟಿಗೆ ತುರುಕುವ ಸಂಚಾಲಕರು ಹೆಚ್ಚು. ಅದೇ ಹೊತ್ತನ್ನು ಒಂದೇ ಗುಡಿಗೆ ಕೊಡುವ, ಊರಿನ ಗೈಡ್ ಒಬ್ಬರನ್ನು ಒಂದು ಗಂಟೆಗಲ್ಲ, ಅರ್ಧ ದಿನಕ್ಕೆ ಗೊತ್ತುಮಾಡಿ ಅದಕ್ಕೆ ತಕ್ಕ ಹಣ ಕೊಡುವ ಸಂಚಾಲಕರೂ ಇದ್ದಾರೆ. ಪ್ರವಾಸ ಗೊತ್ತುಮಾಡುವಾಗ ಎಷ್ಟು ಜಾಗ ತೋರಿಸುತ್ತೀರಿ ಎಂದು ಕೇಳುವ ಬದಲು, ಗುಂಪಿನಲ್ಲಿ ಎಷ್ಟು ಜನ, ಹೇಳುವವರು ಯಾರು, ಅಲ್ಲಿ ಎಷ್ಟು ಹೊತ್ತು ಇರುತ್ತೇವೆ ಎಂದು ಕೇಳಿ.

ನರಸಿಂಹಾಚಾರ್ಯರು ಪುಸ್ತಕ ಬರೆದ ಆ ಮೂರನೆಯ ಗುಡಿ, ದೊಡ್ಡಗದ್ದವಳ್ಳಿ, ದೊಡ್ಡ ಬಸ್ಸುಗಳ ಪಟ್ಟಿಗೆ ಇನ್ನೂ ಬಂದಿಲ್ಲ. ಹಾಸನದಿಂದ ಬೇಲೂರಿಗೆ ಹೋಗುವ ದಾರಿಯಲ್ಲಿ ಒಳಕ್ಕೆ ತಿರುಗಬೇಕು. ಬೇಲೂರಿನ ಗುಡಿಗಿಂತ ಕೆಲವೇ ವರ್ಷ ಹಿರಿಯದು. ಕಟ್ಟಿಸಿದ್ದು ರಾಜನಲ್ಲ, ಕುಲ್ಲಹಣ ರಾಹುತನೆಂಬ ವರ್ತಕ ಮತ್ತು ಅವನ ಹೆಂಡತಿ ಸಹಜಾದೇವಿ. ನಾಲ್ಕು ಗರ್ಭಗುಡಿ, ಪಕ್ಕದಲ್ಲಿ ಕೆರೆ, ಕಾಳಿಯ ಬಾಗಿಲಲ್ಲಿ ಎಲುಬಿನ ಹಂದರದಂಥ ಎರಡು ಬೇತಾಳಗಳು. ಮುಂಜಾನೆ ಐದಕ್ಕೆ ಬೆಂಗಳೂರು ಬಿಟ್ಟರೆ ಹತ್ತರ ಹೊತ್ತಿಗೆ ಅಲ್ಲಿರಬಹುದು. ಎರಡು ಗಂಟೆ ಅಲ್ಲಿ, ಮಧ್ಯಾಹ್ನವೆಲ್ಲ ಬೇಲೂರಿನಲ್ಲಿ ದಾಸೋಜ ಮತ್ತು ಚಾವಣರ ಸಹಿ ಹುಡುಕುತ್ತ ಕಳೆದು, ನಾಲ್ಕಕ್ಕೆ ಹೊರಟರೂ ರಾತ್ರಿ ಒಂಬತ್ತೂವರೆಯೊಳಗೆ ಮನೆ ಸೇರಬಹುದು. ಹತ್ತು ಜನಕ್ಕಿಂತ ಹೆಚ್ಚು ಬೇಡ.