ಮಿಕ್ಕಿದ ಕಾಳು ಎಲ್ಲಿಗೆ ಹೋಯಿತು? ನಮ್ಮ ಸೀಮೆಯ ಬೇಸಾಯ ಮತ್ತು ಬದುಕು

(ಶಾಲೆಯ ಸುವರ್ಣ ಮಹೋತ್ಸವದ ಅಂಗವಾಗಿ ನಡೆದ ವಿಚಾರಗೋಷ್ಠಿಯಲ್ಲಿ ಹಳೆಯ ವಿದ್ಯಾರ್ಥಿಯೊಬ್ಬರು ಮಾಡಿದ ಭಾಷಣದ ಬರಹರೂಪ)



ಸಮಿತಿಯವರು ನನಗೆ ಕೊಟ್ಟ ವಿಷಯ ‘ಆರ್ಥಿಕ ಬೆಳವಣಿಗೆಯಲ್ಲಿ ಕೃಷಿಯ ಪಾತ್ರ’. ಕಾಲೇಜಿನಲ್ಲಿ ಅರ್ಥಶಾಸ್ತ್ರದ ಮೇಷ್ಟ್ರಾಗಿ ಈ ಪಾಠವನ್ನು ಎಷ್ಟು ಸಲ ಮಾಡಿದ್ದೇನೋ ಲೆಕ್ಕವಿಲ್ಲ. ಆದರೆ ಅಲ್ಲಿ ಪುಸ್ತಕ ನೋಡಿ ಹೇಳುತ್ತಿದ್ದೆ. ಇಲ್ಲಿ ಎದುರಿಗೆ ಕೂತವರೆಲ್ಲ ನೇಗಿಲು ಹಿಡಿದವರು ಅಥವಾ ಹಿಡಿದವರ ಮಕ್ಕಳು. ಅದಕ್ಕೇ ಇಂದು ನಮ್ಮ ಹೊಲ, ನಮ್ಮ ಕೆರೆ, ನಮ್ಮ ತೋಟ ಇಟ್ಟುಕೊಂಡೇ ಮಾತಾಡುತ್ತೇನೆ.

ಒಂದು ಸಣ್ಣ ಲೆಕ್ಕದಿಂದ ಶುರು ಮಾಡೋಣ. ಕಣದಲ್ಲಿ ರಾಶಿ ಮಾಡಿದ ಮೇಲೆ ರೈತ ಮನೆಗೆ ವರ್ಷದ ಊಟಕ್ಕೆ ಇಟ್ಟುಕೊಳ್ಳುತ್ತಾನೆ, ಬಿತ್ತನೆಗೆ ಎತ್ತಿಡುತ್ತಾನೆ, ಕೂಲಿಗೆ ಅಳೆದು ಕೊಡುತ್ತಾನೆ. ಆಮೇಲೆ ಏನಾದರೂ ಮಿಕ್ಕರೆ ಅದೇ ಮಿಗುತೆ. ಲೋಕದ ಎಲ್ಲ ರಾಜ್ಯ, ಪಟ್ಟಣ, ಗುಡಿ, ಕಾರ್ಖಾನೆ, ಶಾಲೆ ಹುಟ್ಟಿದ್ದು ಆ ಮಿಗುತೆಯಿಂದ. ಹಾಗಾದರೆ ಕೇಳಬೇಕಾದ ಪ್ರಶ್ನೆ ಎರಡೇ. ಆ ಮಿಗುತೆ ಎಲ್ಲಿಗೆ ಹೋಯಿತು? ಅದರಲ್ಲಿ ಎಷ್ಟು ಮರಳಿ ಊರಿಗೆ ಬಂತು?

ನಮ್ಮ ಜಿಲ್ಲೆಯಷ್ಟು ಚೆನ್ನಾಗಿ ಈ ಪಾಠ ಹೇಳುವ ಜಾಗ ಕಡಿಮೆ. ಬೇಲೂರಿನ ಪಡುವಲ ಭಾಗ ಮಲೆನಾಡು. ಅರೇಹಳ್ಳಿ, ಬಿಕ್ಕೋಡು ಕಡೆ ಕಾಫಿ, ಮೆಣಸು, ಗದ್ದೆ. ಅಲ್ಲಿಂದ ಮೂಡಲಿಗೆ ಬಂದಂತೆ ಮಳೆ ಇಳಿಯುತ್ತಾ ಹೋಗುತ್ತದೆ. ಹಳೇಬೀಡು ಅರೆಮಲೆನಾಡು, ಕೆರೆ ತುಂಬಿದರೆ ಮಾತ್ರ ಬದುಕು. ಅರಸೀಕೆರೆಗೆ ಬರುವಷ್ಟರಲ್ಲಿ ಅಪ್ಪಟ ಬಯಲುಸೀಮೆ. ವರ್ಷಕ್ಕೆ 700 ಮಿಲಿಮೀಟರ್ ಆಸುಪಾಸು ಮಳೆ, ಅದೂ ಕೈಕೊಡುವುದೇ ಹೆಚ್ಚು. ಅಲ್ಲಿ ರಾಗಿ ಮತ್ತು ತೆಂಗು.

ಮೊದಲು ಹಳೇಬೀಡಿಗೆ ಹೋಗೋಣ. ಹೊಯ್ಸಳರ ರಾಜಧಾನಿಯ ಹೆಸರು ದೋರಸಮುದ್ರ. ಸಮುದ್ರ ಎಂದರೆ ಇಲ್ಲಿ ಕೆರೆ. ಕೆರೆಯ ಹೆಸರೇ ರಾಜಧಾನಿಯ ಹೆಸರಾಯಿತು. ಬೇಲೂರಿನ ಚೆನ್ನಕೇಶವನ ಪ್ರತಿಷ್ಠೆ 1117ರಲ್ಲಿ. ಹೊಯ್ಸಳೇಶ್ವರ ಗುಡಿಯ ಕೆಲಸ ಶುರುವಾದದ್ದು 1121ರ ಸುಮಾರಿಗೆ. ಕೆರೆ ಅದಕ್ಕೂ ಮೊದಲಿನದು. ಮೊದಲು ನೀರು, ಆಮೇಲೆ ಗದ್ದೆ, ಆಮೇಲೆ ಗುಡಿ. ಬಳ್ಳಿಗಾವಿಯಿಂದ ಬಂದ ದಾಸೋಜ, ಅವನ ಮಗ ಚಾವಣ ಬೇಲೂರಿನಲ್ಲಿ ಮದನಿಕೆಯರನ್ನು ಕೆತ್ತಿ ಹೆಸರು ಹಾಕಿದ್ದಾರೆ. ಅಂಥ ನೂರಾರು ಕೈಗಳು ವರ್ಷಗಟ್ಟಲೆ ಕಲ್ಲು ಕೆತ್ತುತ್ತಿದ್ದಾಗ ಅವರಿಗೆ ಅನ್ನ ಎಲ್ಲಿಂದ ಬಂತು? ಕೆರೆಯ ಕೆಳಗಿನ ಅಚ್ಚುಕಟ್ಟಿನಿಂದ. 2023ರಲ್ಲಿ ಯುನೆಸ್ಕೊ ಬೇಲೂರು, ಹಳೇಬೀಡು, ಸೋಮನಾಥಪುರದ ಗುಡಿಗಳನ್ನು ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿದಾಗ ನಾವೆಲ್ಲ ಹೆಮ್ಮೆಪಟ್ಟೆವು. ಆ ಪಟ್ಟಿಯಲ್ಲಿ ಶಿಲ್ಪಿಗೆ ಸಲ್ಲಬೇಕಾದ ಗೌರವದ ಪಕ್ಕದಲ್ಲಿ, ಹೆಸರಿಲ್ಲದ ಬೇಸಾಯಗಾರನಿಗೂ ಒಂದು ಪಾಲು ಇದೆ ಎಂದು ಮಕ್ಕಳಿಗೆ ಹೇಳಿಕೊಡಬೇಕು.

ಆ ಕಾಲದ ವ್ಯವಸ್ಥೆಯಲ್ಲಿ ಒಂದು ಜಾಣತನ ಇತ್ತು. ರಾಜರು, ಅಧಿಕಾರಿಗಳು ರೈತರಿಂದ ಸಿದ್ಧಾಯ ಎಂಬ ಕಂದಾಯ ಎತ್ತುತ್ತಿದ್ದರು, ಹತ್ತಾರು ಬಗೆಯ ಸುಂಕವೂ ಇತ್ತು. ಆದರೆ ಕೆರೆ ಕಟ್ಟಿಸಿದವನಿಗೆ, ಏರಿ ರಿಪೇರಿ ಮಾಡಿಸಿದವನಿಗೆ ಭೂಮಿ ಬಿಟ್ಟುಕೊಡುವ ಪದ್ಧತಿಯೂ ಇತ್ತು. ಕಟ್ಟುಕೊಡಗೆ, ಕೆರೆಗೊಡಗೆ ಎಂಬ ಹೆಸರುಗಳನ್ನು ಹಿರಿಯರು ಪಹಣಿಯಲ್ಲಿ ನೋಡಿರಬಹುದು. ಅಂದರೆ ಎತ್ತಿದ್ದರಲ್ಲಿ ಒಂದಿಷ್ಟು ಮತ್ತೆ ನೀರಿಗೇ ಹೋಗುತ್ತಿತ್ತು. ತೂಬು ಎತ್ತಿ ಇಳಿಸಲು ನೀರುಗಂಟಿ, ಹೂಳು ತೆಗೆಯಲು ಊರವರು, ಕೋಡಿ ಬಿದ್ದರೆ ಪೂಜೆ. ಹೀಗೆ ಕಟ್ಟಿದ ಕೆರೆಗಳು ಹತ್ತೊಂಬತ್ತನೇ ಶತಮಾನದಲ್ಲಿ ಮೈಸೂರು ಸೀಮೆಯಲ್ಲಿ 30,000ಕ್ಕೂ ಹೆಚ್ಚು ಇದ್ದವು.

ಇದನ್ನು ಹೇಳುವಾಗ ಇನ್ನೊಂದು ಮಾತನ್ನೂ ಹೇಳಲೇಬೇಕು. ಹೂಳು ಹೊತ್ತವರೆಲ್ಲರಿಗೂ ಆ ಕೆರೆಯ ಕೆಳಗೆ ಗದ್ದೆ ಇರಲಿಲ್ಲ. ತೂಬಿನ ನೀರನ್ನು ಎಲ್ಲರ ಗದ್ದೆಗೂ ಹಂಚುತ್ತಿದ್ದ ಮನೆತನದವರು ತಾವೇ ಆ ಕೆರೆಗೆ ಇಳಿಯಬಾರದು ಎಂಬ ಕಟ್ಟುಪಾಡು ಎಷ್ಟೋ ಊರಲ್ಲಿತ್ತು. ಮಿಗುತೆ ಮರಳಿ ಬಂತು ಎಂದರೆ ಯಾರ ಮನೆಗೆ ಬಂತು ಎಂದೂ ಕೇಳಬೇಕು. ಹಳೆಯದನ್ನು ಹೊಗಳುವಾಗ ಇದನ್ನು ಮರೆತರೆ ಅದು ಚರಿತ್ರೆಯಾಗುವುದಿಲ್ಲ.

ಅರಸೀಕೆರೆಯ ಹೆಸರಲ್ಲೂ ಕೆರೆಯೇ ಇದೆ, ಅರಸಿಯ ಕೆರೆ. 1220ರ ಶಿವಾಲಯ, ಸಹಸ್ರಕೂಟ ಜಿನಾಲಯ ಅಲ್ಲಿವೆ. ಒಣಸೀಮೆಯಲ್ಲೂ ಇಂಥ ಗುಡಿಗಳು ಎದ್ದವು ಎಂದರೆ ಅಲ್ಲಿ ಸಂತೆ, ವ್ಯಾಪಾರ ಇತ್ತು ಎಂದೇ ಅರ್ಥ. ಆಮೇಲೆ 1311ರಲ್ಲಿ ಮಲಿಕ್ ಕಾಫರ್‌ನ ದಂಡು ಬಂತು. ರಾಜಧಾನಿ ಹಾಳಾಗಿ ‘ಹಳೆಯ ಬೀಡು’ ಆಯಿತು. ರಾಜ್ಯ ಹೋಯಿತು, ಬೊಕ್ಕಸ ಹೋಯಿತು. ಕೆರೆ ಉಳಿಯಿತು, ಉಳುವವನೂ ಉಳಿದ.

ಈಗ ಐದೂವರೆ ಶತಮಾನ ದಾಟಿ ಬರೋಣ. 1876ರಿಂದ 1878ರವರೆಗೆ, ಧಾತು ಮತ್ತು ಈಶ್ವರ ಸಂವತ್ಸರಗಳಲ್ಲಿ, ಮೈಸೂರು ಸೀಮೆಗೆ ಘೋರ ಬರ ಬಂತು. 1871ರ ಜನಗಣತಿಯಲ್ಲಿ ಸಂಸ್ಥಾನದ ಜನಸಂಖ್ಯೆ ಸುಮಾರು 50 ಲಕ್ಷ. 1881ರಲ್ಲಿ ಸುಮಾರು 42 ಲಕ್ಷ. ಹತ್ತು ವರ್ಷದಲ್ಲಿ ಏರಬೇಕಾದ ಲೆಕ್ಕ ಎಂಟು ಲಕ್ಷ ಇಳಿದಿತ್ತು. ಮಳೆ ಹೋದದ್ದು ಒಂದು ಕಾರಣ. ಹೂಳು ತುಂಬಿದ ಕೆರೆಗಳು, ಬಿಡದ ಕಂದಾಯ, ಬೇರೆ ಕಡೆ ಕಾಳಿದ್ದರೂ ಇಲ್ಲಿಗೆ ತರಲು ದಾರಿ ಇಲ್ಲದ್ದು, ಇವೂ ಕಾರಣವೇ. ಆ ಪೆಟ್ಟಿನ ಮೇಲೆ ಮೈಸೂರು ಸರ್ಕಾರ ಸಾಲ ಎತ್ತಿ ರೈಲು ಹಾಕಿತು. 1880ರ ದಶಕ ಮುಗಿಯುವ ಹೊತ್ತಿಗೆ ಬೆಂಗಳೂರಿನಿಂದ ಹರಿಹರದವರೆಗೆ ಹಳಿ ಬಿತ್ತು. ಅರಸೀಕೆರೆ ಅದರ ಮೇಲಿನ ನಿಲ್ದಾಣವಾಯಿತು. ಮುಂದೆ ಹಾಸನದ ಮೇಲೆ ಮೈಸೂರಿಗೂ ದಾರಿ ಆಗಿ ಅದು ಜಂಕ್ಷನ್ ಆಯಿತು. ಹೊಟ್ಟೆಗೆ ಕಾಳು ತರಲೆಂದು ಬಂದ ರೈಲೇ ನಮ್ಮ ಕೊಬ್ಬರಿಯನ್ನು ದೂರದ ಊರುಗಳಿಗೆ ಹೊತ್ತೊಯ್ದಿತು.

ಹೊರದೇಶಗಳನ್ನೂ ಒಮ್ಮೆ ನೋಡಿ. ಇಂಗ್ಲೆಂಡಿನಲ್ಲಿ ಗಿರಣಿಗಳು ಏಳುವ ಮೊದಲು ಬೇಸಾಯ ಬದಲಾಗಿತ್ತು. ಹೊಲವನ್ನು ಬೀಳು ಬಿಡದೆ ಗೋಧಿ, ಟರ್ನಿಪ್, ಬಾರ್ಲಿ, ಕ್ಲೋವರ್ ಮೇವನ್ನು ಸರದಿಯ ಮೇಲೆ ಬೆಳೆದು ಇಳುವರಿ ಹೆಚ್ಚಿಸಿಕೊಂಡರು. ಜಪಾನ್ 1873ರಲ್ಲಿ ಭೂಕಂದಾಯವನ್ನು ಹೊಸದಾಗಿ ಗೊತ್ತುಮಾಡಿತು. ಆರಂಭದ ವರ್ಷಗಳಲ್ಲಿ ಆ ಸರ್ಕಾರದ ಬಹುಪಾಲು ಆದಾಯ ರೈತನಿಂದಲೇ ಬಂತು. ಅದರಿಂದ ಶಾಲೆ, ರೈಲು, ಕಾರ್ಖಾನೆ ಕಟ್ಟಿದರು. ರೈತ ಆ ಭಾರಕ್ಕೆ ನಲುಗಿದ, ಅಲ್ಲಲ್ಲಿ ದಂಗೆಯೂ ಎದ್ದ. ನಮ್ಮ ಮೈಸೂರಿನಲ್ಲಿ 1907ಕ್ಕೆ ವಾಣಿವಿಲಾಸ ಸಾಗರ ಮುಗಿಯಿತು, 1911ರಲ್ಲಿ ಕನ್ನಂಬಾಡಿ ಕಟ್ಟೆ ಶುರುವಾಯಿತು, ಅದರ ನಾಲೆಯ ಕಬ್ಬಿನಿಂದ 1933ರಲ್ಲಿ ಮಂಡ್ಯದ ಸಕ್ಕರೆ ಕಾರ್ಖಾನೆ ಬಂತು. ಎಲ್ಲೆಲ್ಲೂ ಕ್ರಮ ಒಂದೇ: ಮೊದಲು ಹೊಲ, ಆಮೇಲೆ ಗಿರಣಿ.

ಬೇಲೂರು ಕಡೆಯ ಕಾಫಿಯ ಕಥೆ ಬೇರೆ. ಕಾಫಿ ತಿನ್ನುವ ಬೆಳೆಯಲ್ಲ, ಮಾರುವ ಬೆಳೆ. ಅದರ ಬೆಲೆ ನಮ್ಮ ಸಂತೆಯಲ್ಲಿ ಅಲ್ಲ, ಲಂಡನ್, ನ್ಯೂಯಾರ್ಕ್‌ಗಳಲ್ಲಿ ಗೊತ್ತಾಗುತ್ತದೆ. 1942ರ ಕಾಫಿ ಕಾಯಿದೆ ಬಂದ ಮೇಲೆ ಬೆಳೆದ ಕಾಫಿಯನ್ನು ಮಂಡಳಿಗೇ ಒಪ್ಪಿಸಬೇಕಾಗಿತ್ತು, ಹಣ ಕಂತಿನಲ್ಲಿ ಬರುತ್ತಿತ್ತು. 1990ರ ದಶಕದಲ್ಲಿ ಆ ವ್ಯವಸ್ಥೆ ಹೋಗಿ ಬೆಳೆಗಾರ ತಾನೇ ಮಾರುವಂತಾಯಿತು. ಬೆಲೆ ಏರಿದಾಗ ಅವನದೇ ಲಾಭ, ಬಿದ್ದಾಗ ಅವನದೇ ನಷ್ಟ. ನಮ್ಮ ಬಯಲಿನ ಹೆಂಗಸರು, ಗಂಡಸರು ಹಣ್ಣು ಕೊಯ್ಯಲು ಅಲ್ಲಿಗೆ ಹೋಗಿ ದುಡಿದು ತಂದ ಕೂಲಿಯೂ ನಮ್ಮ ಊರಿನ ಚರಿತ್ರೆಯ ಒಂದು ಭಾಗ.

ಇನ್ನು ನಮ್ಮ ತೆಂಗು. ಅರಸೀಕೆರೆ, ತಿಪಟೂರು ಸೀಮೆಯ ಉಂಡೆ ಕೊಬ್ಬರಿಗೆ ದೇಶದಲ್ಲೇ ಹೆಸರು. ಬೇರೆ ಕಡೆ ಕಾಯಿ ಒಡೆದು ಬಿಸಿಲಿಗೆ ಹರಡುತ್ತಾರೆ. ನಮ್ಮಲ್ಲಿ ಬಲಿತ ಕಾಯನ್ನು ಸಿಪ್ಪೆ ಸಮೇತ ಅಟ್ಟಕ್ಕೆ ಏರಿಸಿ ಹತ್ತು ಹನ್ನೊಂದು ತಿಂಗಳು ಬಿಡುತ್ತೇವೆ. ಒಳಗಿನ ನೀರು ಇಂಗಿ, ಕೊಬ್ಬರಿ ಚಿಪ್ಪು ಬಿಟ್ಟು ಗುಡುಗುಡು ಸದ್ದು ಮಾಡಿದಾಗ ಇಳಿಸುತ್ತೇವೆ. ಬಯಲುಸೀಮೆಯ ರೈತನಿಗೆ ಅಟ್ಟವೇ ಬ್ಯಾಂಕು.

ಇಲ್ಲಿ ನನ್ನ ಮನೆಯ ಮಾತು ಹೇಳದೆ ಮುಂದೆ ಹೋಗಲಾರೆ. ನನ್ನ ಅಣ್ಣ ಏಳನೇ ಕ್ಲಾಸು ಪಾಸಾದಾಗ ಊರಲ್ಲಿ ಹೈಸ್ಕೂಲು ಇರಲಿಲ್ಲ. ಪೇಟೆಯಲ್ಲಿ ಇಟ್ಟು ಓದಿಸಲು ಅಪ್ಪನ ಕೈಲಿ ಆಗಲಿಲ್ಲ. ಅಣ್ಣ ನೇಗಿಲು ಹಿಡಿದ. ಎರಡು ವರ್ಷದ ಮೇಲೆ ನಾನು ಏಳು ಮುಗಿಸಿದೆ, ಆ ವರ್ಷವೇ ಈ ಶಾಲೆ ಬಂತು. ಅಣ್ಣ ನನಗಿಂತ ಜಾಣ. ಗುಣಾಕಾರ ಬಾಯಲ್ಲೇ ಮಾಡುತ್ತಿದ್ದ. ನಾನು ಕಾಲೇಜಿಗೆ ಹೊರಟಾಗ ಅವನು ಹೇಳಿದ್ದು ಇಷ್ಟೇ: “ಕಾಯಿ ಅಟ್ಟದ ಮೇಲೈತೆ, ನೀನು ಓದ್ಕೊಂಡು ಹೋಗು.” ಮೂರು ವರ್ಷ ಅವನು ಕೊಬ್ಬರಿ ಮಾರಿದ ದುಡ್ಡು ನನ್ನ ಹಾಸ್ಟೆಲಿಗೆ ಬಂತು. ಕೃಷಿಯ ಮಿಗುತೆ ಬೇರೆ ಕ್ಷೇತ್ರಗಳಿಗೆ ಹರಿಯುತ್ತದೆ ಎಂದು ಬೋರ್ಡಿನ ಮೇಲೆ ಬರೆಯುವಾಗಲೆಲ್ಲ ನನಗೆ ಕಾಣುತ್ತಿದ್ದದ್ದು ಅಣ್ಣನ ಕೈ.

ಈ ಶಾಲೆ ಬಂದ ಕಾಲವನ್ನು ನೆನೆಯಿರಿ. 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣೆ ತಿದ್ದುಪಡಿ ಕಾಯಿದೆಯಿಂದ ಗೇಣಿ ರದ್ದಾಗಿ, ಉಳುವವನೇ ಹೊಲದೊಡೆಯ ಎಂಬ ಮಾತು ಕಾನೂನಾಯಿತು. ದೇವರಾಜ ಅರಸು ಮುಖ್ಯಮಂತ್ರಿ. ಗೇಣಿದಾರರು ಫಾರಂ 7 ಹಿಡಿದು ನ್ಯಾಯಮಂಡಳಿಯ ಮುಂದೆ ನಿಂತರು. ಅದೇ ದಶಕದಲ್ಲಿ ಮಂಡ್ಯದ ವಿ.ಸಿ. ಫಾರಂನಲ್ಲಿ ಲಕ್ಷ್ಮಣಯ್ಯನವರು ನಮ್ಮ ರಾಗಿಯನ್ನು ಆಫ್ರಿಕಾದ ರಾಗಿಯ ಜೊತೆ ಕೂಡಿಸಿ ಇಂಡಾಫ್ ತಳಿಗಳನ್ನು ಕೊಟ್ಟರು. ಜನ ಅವರನ್ನು ರಾಗಿ ಲಕ್ಷ್ಮಣಯ್ಯ ಎಂದೇ ಕರೆದರು. ಅದೇ ದಶಕದಲ್ಲಿ ವಿಶ್ವಬ್ಯಾಂಕಿನ ನೆರವಿನ ಹೈನು ಯೋಜನೆ ಶುರುವಾಗಿ, ಊರೂರಿಗೆ ಹಾಲಿನ ಸೊಸೈಟಿ ಬಂತು. ಹಾಲಿನ ಬಟವಾಡೆ ಮನೆಯ ಹೆಂಗಸಿನ ಕೈಗೆ ಬಂದಾಗ ಹೆಣ್ಣುಮಕ್ಕಳ ನೋಟ್‌ಬುಕ್ಕಿಗೆ ದುಡ್ಡು ಹುಟ್ಟಿತು. ನಮ್ಮ ಶಾಲೆಯ ಹಾಜರಿ ಪುಸ್ತಕ ತೆಗೆದು ನೋಡಿ, ಹೆಣ್ಣುಮಕ್ಕಳ ಹೆಸರು ಯಾವ ವರ್ಷಗಳಲ್ಲಿ ಹೆಚ್ಚಾದವು ಎಂದು ಮಕ್ಕಳೇ ಲೆಕ್ಕ ಹಾಕಲಿ. ಈ ಕಟ್ಟಡಕ್ಕೆ ಹಿರಿಯರು ಸುಗ್ಗಿಯಲ್ಲಿ ಮನೆಮನೆಯಿಂದ ರಾಗಿ, ಕಾಯಿ ಎತ್ತಿದ್ದನ್ನು, ಗಾಡಿ ಕಟ್ಟಿ ಕಲ್ಲು ತಂದದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಮಿಗುತೆ ಊರಲ್ಲೇ ಉಳಿದರೆ ಏನಾಗುತ್ತದೆ ಎಂಬುದಕ್ಕೆ ಈ ಗೋಡೆಗಳೇ ಸಾಕ್ಷಿ.

ಈಗ ಏನಾಗಿದೆ? ಸ್ವಾತಂತ್ರ್ಯ ಬಂದ ಹೊಸದರಲ್ಲಿ ದೇಶದ ವರಮಾನದ ಅರ್ಧದಷ್ಟು ಬೇಸಾಯದಿಂದ ಬರುತ್ತಿತ್ತು. ಈಗ ನೂರಕ್ಕೆ 18ರಷ್ಟು. ಆದರೆ 2023-24ರಲ್ಲೂ ದುಡಿಯುವವರಲ್ಲಿ ನೂರಕ್ಕೆ 46 ಜನ ಬೇಸಾಯದಲ್ಲೇ ಇದ್ದರು. 46 ಜನ 18 ರೂಪಾಯಿ ಹಂಚಿಕೊಳ್ಳಬೇಕು, ಉಳಿದ 54 ಜನಕ್ಕೆ 82 ರೂಪಾಯಿ. ನಮ್ಮ ಹುಡುಗರು ಬೆಂಗಳೂರಿನ ಬಸ್ಸು ಹತ್ತುವುದು ಸೋಮಾರಿತನದಿಂದಲ್ಲ, ಈ ಲೆಕ್ಕ ಗೊತ್ತಿರುವುದರಿಂದ.

ಹಳೇಬೀಡು ಸುತ್ತ ಆಲೂಗೆಡ್ಡೆ ಬೆಳೆಯುತ್ತಿದ್ದವರನ್ನು ಕೇಳಿ. ಜಲಂಧರದಿಂದ ಬಂದ ಬಿತ್ತನೆ ಗೆಡ್ಡೆಗೆ ಸಾಲ ಮಾಡಿ, ಅಂಗಮಾರಿ ರೋಗಕ್ಕೆ ಬೆಳೆ ಕೊಟ್ಟು, ಎಷ್ಟೋ ಜನ ಮುಸುಕಿನ ಜೋಳಕ್ಕೆ, ಶುಂಠಿಗೆ ಹೊರಳಿದರು. ಅರಸೀಕೆರೆ ಕಡೆ ತೆಂಗಿಗೆ ನುಸಿ ಬಂತು, ಆಮೇಲೆ ಸಾಲು ಬರ ಬಂದು ಸುಳಿ ಒಣಗಿದ ಮರಗಳು ಹಾಗೇ ನಿಂತವು. 2025ರ ಹಂಗಾಮಿಗೆ ಉಂಡೆ ಕೊಬ್ಬರಿಯ ಬೆಂಬಲ ಬೆಲೆ ಕ್ವಿಂಟಾಲಿಗೆ 12,100 ರೂಪಾಯಿ. ಬೆಲೆ ಬಿದ್ದ ವರ್ಷ ಆ ಖರೀದಿ ಕೇಂದ್ರದ ಸಾಲು ನಿಂತವರಿಗೇ ಗೊತ್ತು ಅದರ ಅಗತ್ಯ. ಹಳೇಬೀಡು, ಮಾದಿಹಳ್ಳಿ ಕಡೆಯವರು ಯಗಚಿಯ ನೀರಿಗಾಗಿ ರಣಘಟ್ಟ ಯೋಜನೆ ಬೇಕೆಂದು ವರ್ಷಗಟ್ಟಲೆ ಹೋರಾಡಿದರು. ಎತ್ತಿನಹೊಳೆಯ ಮೊದಲ ಹಂತಕ್ಕೆ 2024ರ ಸೆಪ್ಟೆಂಬರಿನಲ್ಲಿ ಚಾಲನೆ ಸಿಕ್ಕಿತು. ನೀರು ಬರಲಿ, ಸಂತೋಷ. ಆದರೆ ಬಂದ ನೀರು ನಿಲ್ಲಲು ಕೆರೆ ಬೇಕಲ್ಲ? ನಮ್ಮ ಕೆರೆಯ ಅರ್ಧ ಹೂಳು, ಅಂಗಳದ ತುಂಬ ಜಾಲಿ. ಅತ್ತ 2020ರ ತಿದ್ದುಪಡಿಯ ನಂತರ ಬೇಸಾಯ ಮಾಡದವರೂ ಹೊಲ ಕೊಳ್ಳಬಹುದು. ಕೊಡುವವನ ಕಷ್ಟ ನನಗೆ ಅರ್ಥವಾಗುತ್ತದೆ. ಆದರೆ ಮಿಗುತೆಯ ಜೊತೆಗೆ ಭೂಮಿಯೂ ಊರು ಬಿಟ್ಟು ಹೋದರೆ ಮತ್ತೆ ಬರುವುದಕ್ಕೆ ಏನೂ ಉಳಿಯುವುದಿಲ್ಲ.

ಹಾಗಾಗಿ ಹಳೆಯ ವಿದ್ಯಾರ್ಥಿಗಳ ಸಂಘದ ಮುಂದೆ ಎರಡು ಕೋರಿಕೆ ಇಡುತ್ತೇನೆ. ಒಂದು, ಸುವರ್ಣ ಮಹೋತ್ಸವಕ್ಕೆ ಎತ್ತಿದ ಹಣದಲ್ಲಿ ಕಮಾನಿಗೆ, ಫಲಕಕ್ಕೆ ಹಾಕುವುದನ್ನು ಕಡಿಮೆ ಮಾಡಿ, ಪಂಚಾಯಿತಿಯವರ ಜೊತೆ ಸೇರಿ ಊರ ಕೆರೆಯ ಹೂಳು ತೆಗೆಸೋಣ. ಆ ಗೋಡು ಹೊಲಕ್ಕೆ ಒಳ್ಳೆಯ ಗೊಬ್ಬರ. ಅದು ಮೊದಲು ಸಣ್ಣ ಹಿಡುವಳಿದಾರರ, ಕಾಲೋನಿಯವರ ಹೊಲಕ್ಕೆ ಹೋಗಲಿ. ಹಿಂದೆ ತಪ್ಪಿದ ಲೆಕ್ಕವನ್ನು ಅಷ್ಟಾದರೂ ಸರಿಮಾಡೋಣ. ಎರಡು, ಒಂಬತ್ತನೇ ತರಗತಿಯ ಮಕ್ಕಳು ಪ್ರತಿ ವರ್ಷ ಊರಿನ ಬೇಸಾಯದ ದಾಖಲೆ ಬರೆಯಲಿ. ಯಾವ ಹೊಲದಲ್ಲಿ ಏನು ಬಿತ್ತಿದರು, ಎಷ್ಟು ಖರ್ಚಾಯಿತು, ಯಾವ ಬೆಲೆಗೆ ಹೋಯಿತು, ಕೆರೆ ಎಷ್ಟು ತುಂಬಿತು. ರಾಜರ ಕಾಲದ ದಾನ ಕಲ್ಲಿನ ಮೇಲಿದೆ. ನಮ್ಮ ರೈತರ ಲೆಕ್ಕ ಎಲ್ಲೂ ಇಲ್ಲ. ಶತಮಾನೋತ್ಸವದಲ್ಲಿ ಮಾತಾಡುವವರಿಗೆ ಆ ಪುಸ್ತಕ ಸಿಗಲಿ.

ಅಣ್ಣ ಇಂದು ಸಭೆಗೆ ಬಂದಿದ್ದಾನೆ, ಹಿಂದಿನ ಸಾಲಿನಲ್ಲಿ ಕೂತಿದ್ದಾನೆ. ಅವನು ಈ ಶಾಲೆಯ ವಿದ್ಯಾರ್ಥಿಯಲ್ಲ, ಹಾಗಾಗಿ ಸಂಘದ ಪಟ್ಟಿಯಲ್ಲಿ ಅವನ ಹೆಸರಿಲ್ಲ. ಅವನಂಥವರು ಈ ಊರಿನ ಪ್ರತಿ ಮನೆಯಲ್ಲೂ ಒಬ್ಬೊಬ್ಬರಿದ್ದಾರೆ. ನಮ್ಮನ್ನು ಓದಿಸಿದವರು ಅವರು. ಸ್ಮರಣ ಸಂಚಿಕೆಯ ಕೊನೆಯಲ್ಲಿ ದಾನಿಗಳ ಪಟ್ಟಿ ಹಾಕುವಾಗ ಅವರ ಹೆಸರನ್ನೂ ಸೇರಿಸಬೇಕೆಂದು ಸಂಪಾದಕ ಮಂಡಳಿಯವರನ್ನು ಕೇಳಿಕೊಳ್ಳುತ್ತೇನೆ.