ಚಿತ್ರವೂ ಅಕ್ಷರವೂ

(ಸಂಘದ ತಿಂಗಳ ಕೂಟದಲ್ಲಿ ಮಾಡಿದ ಭಾಷಣ)



ಸಾಹಿತ್ಯಕ್ಕೂ ಚಿತ್ರಶಿಲ್ಪಗಳಿಗೂ ಇರುವ ನಂಟನ್ನು ಕುರಿತು ನಾಲ್ಕು ಮಾತು ಆಡಬೇಕೆಂದು ಕಾರ್ಯದರ್ಶಿಗಳು ಅಪ್ಪಣೆ ಮಾಡಿದಾಗ ನಾವು ತುಸು ಹಿಂಜರಿದೆವು. ನಾವು ಕವಿಗಳಲ್ಲ, ಕುಂಚ ಹಿಡಿದವರೂ ಅಲ್ಲ. ಬಿ.ಕಾಂ. ಮುಗಿಸಿ ಮುಂಬಯಿಗೆ ಬಂದು, ಬ್ಯಾಂಕಿನ ಕೌಂಟರಿನ ಹಿಂದೆ ಕುಳಿತು ಜಮಾಖರ್ಚು ನೋಡುವವರು. ಆದರೆ ಯೋಚಿಸಿದಾಗ ಈ ವಿಷಯ ದಿನವೂ ನಮ್ಮ ಮೇಜಿನ ಮೇಲೆಯೇ ಇದೆಯೆಂದು ಹೊಳೆಯಿತು. ಖಾತೆ ತೆರೆಯಲು ಬಂದವರಿಂದ ನಾವು ಭಾವಚಿತ್ರವನ್ನೂ ಕೇಳುತ್ತೇವೆ, ಸಹಿಯನ್ನೂ ಕೇಳುತ್ತೇವೆ. ಭಾವಚಿತ್ರ ಮುಖವನ್ನು ತೋರಿಸುತ್ತದೆ. ಆ ಮುಖ ಯಾರದೆಂಬುದನ್ನು ಅಕ್ಷರ ಹೇಳಬೇಕು. ಸಹಿ ಬಾರದವರು ಹೆಬ್ಬೆಟ್ಟು ಒತ್ತಿದರೂ ಅದರ ಪಕ್ಕದಲ್ಲಿ ಹೆಸರು ಬರೆಯಲೇಬೇಕು.

ಚಿತ್ರಕ್ಕೆ ಭಾಷೆ ಬೇಕಿಲ್ಲ, ಅದನ್ನು ಯಾವ ದೇಶದವರಾದರೂ ಅರಿಯಬಲ್ಲರು ಎಂಬ ಮಾತನ್ನು ನಾವೆಲ್ಲ ಕೇಳಿದ್ದೇವೆ. ಅದು ಸುಳ್ಳಲ್ಲ, ಆದರೆ ಅರ್ಧ ಸತ್ಯ. ಉಳಿದ ಅರ್ಧವನ್ನು ತಿಳಿಯಲು ಬಹುದೂರ ಹೋಗಬೇಕಾಗಿಲ್ಲ. ಅಪೋಲೋ ಬಂದರಿನಲ್ಲಿ ದೋಣಿ ಹತ್ತಿ ಘಾರಾಪುರಿಗೆ ಹೋದರೆ ಸಾಕು.

ಅಲ್ಲಿನ ಗುಹೆಯಲ್ಲಿ ಮೂರಾಳೆತ್ತರದ, ಮೂರು ಮುಖದ ಶಿವನ ಮುಂದೆ ನಿಂತಾಗ ಮಾತು ತಾನಾಗಿ ನಿಲ್ಲುತ್ತದೆ. ಅದನ್ನು ನೋಡಿ ತಲೆಬಾಗಲು ಯಾವ ಭಾಷೆಯೂ ಬೇಡ, ನಿಜ. ಆದರೆ ಇದನ್ನು ಕಡೆಸಿದ ಪುಣ್ಯಾತ್ಮ ಯಾರು? ಕಲಚುರಿಗಳೆಂದು ಕೆಲವರು, ಕೊಂಕಣದ ಮೌರ್ಯರೆಂದು ಕೆಲವರು, ನಮ್ಮ ಚಾಲುಕ್ಯರೆಂದು ಮತ್ತೆ ಕೆಲವರು. ಅಲ್ಲಿ ಒಂದು ಬರಹದ ಕಲ್ಲಿತ್ತಂತೆ. ಪೋರ್ತುಗೀಸರು ಅದನ್ನು ಕಿತ್ತು ತಮ್ಮ ದೊರೆಗೆ ಕಳುಹಿಸಿದರೆಂದೂ, ಅದನ್ನು ಓದಬಲ್ಲವರು ಅಲ್ಲಿ ಸಿಗಲಿಲ್ಲವೆಂದೂ ಅವರ ಇತಿಹಾಸಕಾರ ದಿಯೋಗೋ ದೊ ಕೌಟೋ ಬರೆದಿಟ್ಟಿದ್ದಾನೆ. ಆ ಕಲ್ಲು ಮತ್ತೆ ಯಾರ ಕಣ್ಣಿಗೂ ಬೀಳಲಿಲ್ಲ. ಅದೇ ಆರನೆಯ ಶತಮಾನದ ಬಾದಾಮಿಯ ಮೂರನೆಯ ಗುಹೆಯನ್ನು ನೋಡಿರಿ. ಗೋಡೆಯ ಶಾಸನ ಉಳಿದಿರುವುದರಿಂದ ಅದು ಕ್ರಿ.ಶ. 578ರಲ್ಲಿ ಮಂಗಲೇಶನು ಮಾಡಿಸಿದ್ದೆಂದು ಶಾಲೆಯ ಹುಡುಗನೂ ಹೇಳಬಲ್ಲ.

ಇನ್ನೂ ಹತ್ತಿರಕ್ಕೆ ಬರೋಣ. ಬೋರಿವಲಿಯ ಏಕ್ಸರ್‌ನಲ್ಲಿ ಆರು ವೀರಗಲ್ಲುಗಳಿವೆ. ಮರಾಠಿಯವರು ಅವನ್ನು 'ವೀರಗಳ' ಎನ್ನುತ್ತಾರೆ. ಅದು ನಮ್ಮ 'ಕಲ್ಲು' ಶಬ್ದವೇ. ನಮ್ಮೂರ ಗುಡಿಯ ಮುಂದಿನ ಕಲ್ಲಿನಂತೆಯೇ ಇವನ್ನೂ ಕೆಳಗಿನಿಂದ ಮೇಲಕ್ಕೆ ಓದಬೇಕು. ಕೆಳಗೆ ಕಾಳಗ, ನಡುವೆ ಮಡಿದ ವೀರ ಸ್ವರ್ಗಕ್ಕೆ ಏರುವುದು, ಮೇಲೆ ಶಿವಸಾನ್ನಿಧ್ಯ. ಇಲ್ಲಿ ಕೆಲವು ಕಲ್ಲುಗಳಲ್ಲಿ ಕಾಳಗವೆಲ್ಲ ಕಡಲಿನ ಮೇಲೆ! ಸಾಲು ಸಾಲಾಗಿ ಹುಟ್ಟು ಹಾಕುವ ದೋಣಿಗಳು, ಅವುಗಳಲ್ಲಿ ಆಯುಧ ಹಿಡಿದ ಭಟರು. ಆದರೆ ಓದಬಹುದಾದ ಅಕ್ಷರ ಅಲ್ಲಿ ಉಳಿದಿಲ್ಲ. ಶಿಲಾಹಾರರಿಗೂ ದೇವಗಿರಿಯ ಯಾದವರಿಗೂ ನಡೆದ ಕದನವಿರಬಹುದೆಂದು ವಿದ್ವಾಂಸರು ಊಹಿಸುತ್ತಾರೆ. ಪ್ರಾಣಕೊಟ್ಟವರ ಹೆಸರು ಮಾತ್ರ ಹೋಯಿತು.

ಇದರ ಎದುರಿಗೆ ನಮ್ಮ ನಾಡಿನ ಒಂದು ಕಲ್ಲನ್ನಿಟ್ಟು ನೋಡೋಣ. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ ದೊರೆತ ಈ ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯಕ್ಕೆ ಸೇರಿದೆ. ಅದರ ಮೇಲೆ ಒಂದು ಬೇಟೆನಾಯಿಯೂ ಒಂದು ಕಾಡುಹಂದಿಯೂ ಸೆಣಸುತ್ತಿವೆ. ಜೊತೆಗೆ ಹಳಗನ್ನಡದ ಬರಹವಿದೆ. ಕ್ರಿ.ಶ. 949ರಲ್ಲಿ ತಕ್ಕೋಲದ ಯುದ್ಧ ನಡೆಯಿತು. ರಾಷ್ಟ್ರಕೂಟ ಮೂರನೆಯ ಕೃಷ್ಣನ ಪರವಾಗಿ ಗಂಗರ ಬೂತುಗನು ಚೋಳ ರಾಜಾದಿತ್ಯನನ್ನು ಕೊಂದನು. ಆ ಯುದ್ಧದಲ್ಲಿ ಮೆರೆದ ತನ್ನ ಭಟ ಮಣಲೇರನಿಗೆ ಬೇಕಾದ್ದನ್ನು ಬೇಡೆಂದಾಗ ಅವನು ಊರು ಕೇಳಲಿಲ್ಲ, ಹೊನ್ನು ಕೇಳಲಿಲ್ಲ. ಅರಸನ ನಾಯಿ ಕಾಳಿಯನ್ನು ಕೇಳಿದನು. ಮುಂದೆ ಆ ಕಾಳಿ ದೊಡ್ಡದೊಂದು ಹಂದಿಯೊಡನೆ ಹೋರಾಡಿ, ಹಂದಿಯೂ ನಾಯಿಯೂ ಒಟ್ಟಿಗೆ ಸತ್ತವು. ಮಣಲೇರನು ಶಿವಾಲಯದ ಮುಂದೆ ಈ ಕಲ್ಲನ್ನು ನಿಲ್ಲಿಸಿ, ಅದರ ಪೂಜೆಗೆಂದು ಭೂಮಿ ಬಿಡಿಸಿದನು.

ನಾವು ಅದನ್ನು ಮೊದಲು ಕಂಡಾಗ ನಮ್ಮನ್ನು ತಡೆದು ನಿಲ್ಲಿಸಿದ್ದು ಚಿತ್ರವೇ. ನಾಯಿಯಿಲ್ಲದ ಬರಿಯ ಬರಹವಾಗಿದ್ದರೆ ನಾವು ಮುಂದೆ ನಡೆದುಬಿಡುತ್ತಿದ್ದೆವು. ಆದರೆ ಬರಹವಿಲ್ಲದ ಬರಿಯ ಚಿತ್ರವಾಗಿದ್ದರೆ ಅದು ಯಾವುದೋ ಬೇಟೆಯ ಕಲ್ಲು, ಅಷ್ಟೆ. ಏಕ್ಸರ್‌ನ ಕಡಲವೀರರ ಹೆಸರು ನಮಗೆ ತಿಳಿಯದು. ಸಾವಿರ ವರ್ಷದ ಹಿಂದಿನ ಒಂದು ನಾಯಿಯ ಹೆಸರು ತಿಳಿದಿದೆ. ಅಕ್ಷರದ ಮಹಿಮೆಗೆ ಇದಕ್ಕಿಂತ ಬೇರೆ ಸಾಕ್ಷಿ ಬೇಕೆ?

ಹೊಯ್ಸಳರ ಕಾಲಕ್ಕೆ ಬಂದರೆ ಈ ನಂಟು ಇನ್ನೂ ಬಿಗಿಯಾಗುತ್ತದೆ. ಹಳೇಬೀಡಿನ ಗೋಡೆಗಳ ಮೇಲೆ ರಾಮಾಯಣ, ಭಾರತ, ಭಾಗವತಗಳು ಪಟ್ಟಿಪಟ್ಟಿಯಾಗಿ ಓಡುತ್ತವೆ. ಕಥೆ ಬಲ್ಲವರಿಗೆ ಅದು ಗ್ರಂಥ; ಅರಿಯದವರಿಗೆ ಬರಿಯ ಬಿಲ್ಲು, ರಥ, ಕುದುರೆ. ಅಮೃತಾಪುರದ ಗುಡಿಯಲ್ಲಿ ಶಿಲ್ಪದ ಬಳಿಯಲ್ಲೇ ಜನ್ನ ಕವಿ ರಚಿಸಿದ ಶಾಸನವೂ ನಿಂತಿದೆ. ಬೇಲೂರಿನ ರೂವಾರಿಗಳಂತೂ ತಮ್ಮ ವಿಗ್ರಹಗಳ ಅಡಿಯಲ್ಲಿ ಕನ್ನಡದಲ್ಲಿ ಹೆಸರು ಕೊರೆದರು. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಇಂದಿಗೂ ನಮಗೆ ಗುರುತಿನವರಾಗಿ ಉಳಿದದ್ದು ಆ ಒಂದೆರಡು ಸಾಲುಗಳಿಂದ. ಕಾವ್ಯ ಕಲ್ಲಾದಂತೆ ಕಲ್ಲೂ ಕಾವ್ಯವಾಯಿತು. ಅದೇ ಬೇಲೂರಿನ ಶಿಲಾಬಾಲಿಕೆಯರನ್ನು ಕಂಡು ಡಿ. ವಿ. ಗುಂಡಪ್ಪನವರು 'ಅಂತಃಪುರ ಗೀತೆ'ಗಳನ್ನು ರಚಿಸಿದರು. ಉಳಿ ಕವಿಗೆ ಕೊಟ್ಟಿತು, ಕವಿ ಹಾಡುವವರಿಗೆ ಕೊಟ್ಟರು. ಆ ಹಾಡು ಕೇಳಿ ಬೇಲೂರಿಗೆ ಹೋದವರಿಗೆ ಕನ್ನಡಿ ಹಿಡಿದ ಹೆಣ್ಣು ಬೇರೆಯಾಗಿಯೇ ಕಾಣುತ್ತಾಳೆ.

ಇಷ್ಟೆಲ್ಲ ಹಳೆಯ ಕಲ್ಲುಗಳ ಮಾತನ್ನು ತಮ್ಮ ಮುಂದೆ ಏಕೆ ಆಡಿದೆವೆಂದರೆ, ಇದರ ನೋವು ನಮ್ಮ ಮನೆಯೊಳಗೇ ಇತ್ತು. ನಮ್ಮ ಮಗಳಿಗೆ ಈಗ ಒಂಬತ್ತು ವರ್ಷ. ಇಲ್ಲೇ ಹುಟ್ಟಿ ಇಲ್ಲಿನ ಶಾಲೆಗೆ ಹೋಗುವವಳು. ಚಿತ್ರ ಬರೆಯುವುದೆಂದರೆ ಪ್ರಾಣ. ಕಳೆದ ವರ್ಷ ಎತ್ತಿನಗಾಡಿಯ ಚಿತ್ರವೊಂದನ್ನು ಬರೆದು, ಕೆಳಗೆ ಎರಡು ಸಾಲು ಸೇರಿಸಿ, ಗದಗಿನ ಕಡೆಯ ಹಳ್ಳಿಯಲ್ಲಿರುವ ತನ್ನ ಅಜ್ಜಿಗೆ ಕಳುಹಿಸಿದಳು. ನಮ್ಮ ತಾಯಿ ಕನ್ನಡ ಮಾತ್ರ ಓದಬಲ್ಲವರು. ವಾರದ ಮೇಲೆ ಫೋನಿನಲ್ಲಿ ಹೇಳಿದರು: "ತಮ್ಮಾ, ಚಿತ್ರ ಭಾಳ ಚಲೋ ಐತಿ, ಗ್ವಾಡಿಗೆ ಹಚ್ಚೇನಿ. ಆದ್ರ ಕೆಳಗ ಕೂಸು ಏನ ಬರದಾಳೋ ನನಗ ಓದಾಕ ಬರಲಿಲ್ಲ. ಬಾಜೂ ಮನಿ ಹುಡುಗನ್ನ ಕರದು ಓದಿಸಿದೆ."

ಅವರ ಮಾತಿನಲ್ಲಿ ದೂರು ಇರಲಿಲ್ಲ. ಆದರೂ ಆ ರಾತ್ರಿ ನಮಗೆ ನಿದ್ದೆ ಬರಲಿಲ್ಲ. ಮೊಮ್ಮಗಳ ಮಾತನ್ನು ಅಜ್ಜಿ ನೆರೆಯವರ ಬಾಯಿಂದ ಕೇಳಬೇಕಾಯಿತು. ಘಾರಾಪುರಿಯ ಅಕ್ಷರವನ್ನು ಕಿತ್ತವರು ಪರದೇಶದವರು. ನಮ್ಮ ಮನೆಯ ಅಕ್ಷರವನ್ನು ಕಿತ್ತವರು ಯಾರು? ಸಮಯವಿಲ್ಲವೆಂದು ಐದು ವರ್ಷ ದೂಡಿದವರು ನಾವೇ.

ಅಂದಿನಿಂದ ಊಟವಾದ ಮೇಲೆ ದಿನವೂ ಅರ್ಧ ಗಂಟೆ ಕನ್ನಡ ಅಕ್ಷರ ತಿದ್ದಿಸುತ್ತಿದ್ದೇವೆ. ಬರಿಯ ಕಾಗುಣಿತಕ್ಕೆ ಅವಳು ಬೇಸರಪಟ್ಟಳು. ಚಿತ್ರ ಬರೆದು ಅದರ ಹೆಸರನ್ನು ಬರೆಯೆಂದಾಗ ತಾನಾಗಿ ಕುಳಿತಳು. ಚಿತ್ರ ಕೈ ಹಿಡಿದು ಕರೆತಂದಿತು, ಅಕ್ಷರ ಹಿಂದೆಯೇ ಬಂತು.

ಆದ್ದರಿಂದ ಸಂಘದ ಮುಂದೆ ನಮ್ಮದೊಂದು ಸಣ್ಣ ಬಿನ್ನಹ. ರಾಜ್ಯೋತ್ಸವದ ಮಕ್ಕಳ ಚಿತ್ರಸ್ಪರ್ಧೆಯಲ್ಲಿ ಪ್ರತಿಯೊಂದು ಚಿತ್ರದ ಕೆಳಗೂ ಮಗು ತನ್ನ ಕೈಯಿಂದಲೇ ಒಂದು ಸಾಲು ಕನ್ನಡ ಬರೆಯಲಿ. ತಪ್ಪಿದ್ದರೆ ಅಂಕ ಕಳೆಯುವುದು ಬೇಡ. ಒಂದು ಭಾನುವಾರ ಮಕ್ಕಳನ್ನು ಏಕ್ಸರ್‌ಗೆ ಕರೆದೊಯ್ದು ಆ ಹೆಸರಿಲ್ಲದ ವೀರರನ್ನು ತೋರಿಸಿ, ಆತಕೂರಿನ ಕಾಳಿಯ ಕಥೆಯನ್ನೂ ಹೇಳೋಣ. ಅಕ್ಷರ ಏಕೆ ಬೇಕೆಂದು ಆಮೇಲೆ ಉಪದೇಶಿಸಬೇಕಾಗಿಲ್ಲ.

ಹೋದ ತಿಂಗಳು ನಮ್ಮ ಮಗಳು ಕಾಳಿಯ ಚಿತ್ರವನ್ನೇ ಬರೆದು ಅಜ್ಜಿಗೆ ಕಳುಹಿಸಿದಳು. ಕೆಳಗೆ ಹೆಸರು ಬರೆಯುವಾಗ ದೀರ್ಘ ಬಿಟ್ಟು 'ಕಳಿ' ಎಂದು ಬರೆದಿದ್ದಳು. ತಿದ್ದೋಣವೆಂದುಕೊಂಡು ಸುಮ್ಮನಾದೆವು. ನಮ್ಮ ತಾಯಿ ಫೋನಿನಲ್ಲಿ ನಗುತ್ತ ಹೇಳಿದರು: "ದೀರ್ಘ ಬಿಟ್ಟಾಳ, ಇರಲಿ. ಈ ಸಲ ನಾನ ಓದಿದೆ."